ಯಾರೂ ಕೂರದ ಪೀಠ

ಹೋದ ದಸರಾಕ್ಕೆ ನಮ್ಮ ಸಂಘದಲ್ಲಿ ಗೊಂಬೆ ಕೂರಿಸಿದ್ದೆವಲ್ಲ, ಆವತ್ತು ನನ್ನ ಸಹೋದ್ಯೋಗಿಯೊಬ್ಬರನ್ನು ಕರೆದಿದ್ದೆ. ಘಾನಾದ ಕುಮಾಸಿ ಊರಿನವರು. ಕೋಸಂಬರಿ ತಟ್ಟೆ ಹಿಡಿದುಕೊಂಡೇ ಮೈಸೂರಿನ ಚಿನ್ನದ ಸಿಂಹಾಸನದ ಫೋಟೊ ಮುಂದೆ ನಿಂತುಬಿಟ್ಟರು. "ಇದರ ಮೇಲೆ ಕೂರ್ತಾರಾ?" ಎಂದು ಕೇಳಿದರು. ಖಾಸಗಿ ದರ್ಬಾರಿನಲ್ಲಿ ಕೂರ್ತಾರೆ ಎಂದೆ. "ನಮ್ಮಲ್ಲಿ ರಾಜನೂ ಕೂರೋ ಹಾಗಿಲ್ಲ" ಎಂದು ನಕ್ಕರು.

ಅವರು ಹೇಳಿದ್ದು ಕುಮಾಸಿ ಸೀಮೆಯ ಅಶಾಂತಿ (Ashanti) ಎಂಬ ಜನಾಂಗದ ಚಿನ್ನದ ಪೀಠದ ಮಾತು. ನೋಡಲು ಸಣ್ಣದೇ. ಆಕಾಶದಿಂದ ಇಳಿದದ್ದು, ಇಡೀ ಕುಲದ ಜೀವ ಅದರಲ್ಲಿದೆ ಎಂಬ ನಂಬಿಕೆ. ನೆಲಕ್ಕೆ ತಾಗಿಸುವುದಿಲ್ಲ. ಹೊರಗೆ ತರುವುದೇ ಅಪರೂಪ. ತಂದರೆ ಕೂರಲು ಅದಕ್ಕೇ ಬೇರೆ ಕುರ್ಚಿ! 1900ರಲ್ಲಿ ಬ್ರಿಟಿಷ್ ಗವರ್ನರ್ ಹಾಡ್ಜ್‌ಸನ್ ಅದರ ಮೇಲೆ ತಾನು ಕೂರಬೇಕೆಂದು ಹಟ ಹಿಡಿದ. ಅಶಾಂತಿ ಸೀಮೆಯ ಎಜಿಸು ಊರಿನ ರಾಜಮಾತೆ ಯಾ ಅಸಾಂಟೆವಾ ಯುದ್ಧಕ್ಕೇ ಇಳಿದರು. ಸೋತರು, ಸೀಷೆಲ್ಸ್ ದ್ವೀಪದಲ್ಲಿ ಸೆರೆಯಲ್ಲೇ ತೀರಿಕೊಂಡರು. ಪೀಠ ಮಾತ್ರ ಅವನ ಕೈಗೆ ಸಿಗಲಿಲ್ಲ.

ಈಗಿನ ರಾಜ ಎರಡನೇ ಒಸೆಯ್ ಟುಟು. 1999ರಲ್ಲಿ ಪಟ್ಟಕ್ಕೆ ಬಂದವರು. ಅದಕ್ಕೂ ಮುಂಚೆ ಲಂಡನ್ನಿನಲ್ಲಿ ಓದಿ, ಕೆನಡಾದಲ್ಲಿ ಕೆಲಸ ಮಾಡಿದ್ದರು. ಹೊರದೇಶದಲ್ಲಿರುವ ನಮ್ಮ ಹಾಗೇ ಅಲ್ವಾ! ಪಟ್ಟ ಬರುವುದು ತಾಯಿಯ ಕಡೆಯಿಂದ, ಹೆಸರು ಸೂಚಿಸುವುದು ರಾಜಮಾತೆ. ಅಳಿಯಕಟ್ಟು ಗೊತ್ತಿರುವ ನಮ್ಮ ಕರಾವಳಿಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಚುನಾಯಿತ ಸರ್ಕಾರ ಇರುವಾಗ ರಾಜನಿಗೇನು ಕೆಲಸ? ಘಾನಾದ 1992ರ ಸಂವಿಧಾನ ಇಂಥ ಅರಸರನ್ನು ಒಪ್ಪುತ್ತದೆ, ಪಕ್ಷ ರಾಜಕೀಯಕ್ಕೆ ಮಾತ್ರ ಬಿಡುವುದಿಲ್ಲ. ಮೈಸೂರಿನ ಯದುವೀರ್ 2024ರಲ್ಲಿ ಸಂಸದರಾದರು. ಘಾನಾದಲ್ಲಾಗಿದ್ದರೆ ಪಟ್ಟ ಬಿಟ್ಟೇ ನಿಲ್ಲಬೇಕಿತ್ತು. ಇದು ಸುಮ್ನೆ ಮಾಡಿದ ಕಟ್ಟಲ್ಲ ಅನ್ನೋದು ಆಮೇಲೂ ಗೊತ್ತಾಯಿತು. ಉತ್ತರದ ದಾಗ್ಬೋನ್ ರಾಜ್ಯದಲ್ಲಿ 2002ರಲ್ಲಿ ಅರಸನ ಕೊಲೆಯಾಯಿತು. ಎರಡು ಮನೆತನಗಳ ಜಗಳ. ಒಂದೊಂದಕ್ಕೆ ಒಂದೊಂದು ಪಕ್ಷದ ನಂಟು ಎಂಬ ಮಾತು ಬೇರೆ. ಹೀಗಿರುವಾಗ ಯಾವ ಸರ್ಕಾರದ ಮಾತನ್ನು ಯಾರು ನಂಬುತ್ತಾರೆ? ಕೊನೆಗೆ ಅಶಾಂತಿ ರಾಜರ ಮುಂದಾಳುತನದಲ್ಲಿ ಮೂವರು ಅರಸರು ಪಂಚಾಯ್ತಿಗೆ ಕೂತರು. ವರ್ಷಗಟ್ಟಲೆ ಎಳೆದಾಡಿ 2018ರಲ್ಲಿ ರಾಜಿ ಆಯಿತು. 2019ರ ಜನವರಿಯಲ್ಲಿ ಹೊಸ ಅರಸನಿಗೆ ಪಟ್ಟವಾಯಿತು. ದಾಗ್ಬೋನ್ ಅಶಾಂತಿ ಸೀಮೆಯೇ ಅಲ್ಲ, ನೋಡಿ. ಹೊರಗಿನ ಹಿರಿಯ ಎಂಬುದೇ ಅನುಕೂಲವಾಯಿತು ಅನ್ನಿಸುತ್ತದೆ.

ನನಗೆ ರಾಜರ ಮೇಲೆ ಜಾಸ್ತಿ ಮೋಹವಿಲ್ಲ. ಅಶಾಂತಿ ಸೀಮೆಯ ಜಮೀನು ಬಹುಪಾಲು ಅರಸರ ಪೀಠಗಳ ಹೆಸರಿನಲ್ಲೇ ಇದೆ. ವೋಟಿನಿಂದ ಬಾರದವರ ಹತ್ತಿರ ಜನ ಲೆಕ್ಕ ಕೇಳುವುದು ಹೇಗೆ? ನನ್ನ ಸಹೋದ್ಯೋಗಿಯನ್ನು ಇದನ್ನೂ ಕೇಳಿದೆ. "ನಮ್ಮಲ್ಲೂ ಕೇಳ್ತಾರೆ" ಎಂದರು, ಅಷ್ಟೇ.

ಆಮೇಲೆ ಫೋನ್ ತೆಗೆದು ಕುಮಾಸಿ ಅರಮನೆ ಮ್ಯೂಸಿಯಮ್ಮಿನ ಫೋಟೊ ತೋರಿಸಿದರು. ಗಾಜಿನ ಹಿಂದೆ ಚಿನ್ನದ ಬಿಲ್ಲೆ, ಕತ್ತಿ. ಬ್ರಿಟಿಷರು 1874ರ ಯುದ್ಧದಲ್ಲಿ ದೋಚಿದ್ದರಲ್ಲಿ ಕೆಲವು 2024ರಲ್ಲಿ ಲಂಡನ್ನಿನಿಂದ ಬಂದಿವೆ. ಆ ಒಪ್ಪಂದ ಆದದ್ದೂ ಸರ್ಕಾರದ ಜೊತೆಗಲ್ಲ, ರಾಜರ ಜೊತೆಗೆ. ಮೂರು ವರ್ಷಕ್ಕೆ, ಬೇಕಾದರೆ ಇನ್ನೂ ಮೂರಕ್ಕೆ.

"ನಮ್ಮ ಒಡವೆ ನಮಗೇ ಕೈಗಡ" ಎಂದು ಹೇಳಿ ಅವರು ಇನ್ನೊಂದು ಸೌಟು ಕೋಸಂಬರಿ ಹಾಕಿಸಿಕೊಂಡರು.