ಲಾಹೋರಿನ ಗೇಟಿನಲ್ಲಿ ನಿಂತ ಹುಡುಗನ ಬಗ್ಗೆಯೂ ಬರೆಯಿರಿ

ಮಾನ್ಯ ಸಂಪಾದಕರೇ,

ಜೀನ್ಸ್ ಪ್ಯಾಂಟಿನ ಸಂತ ಅಂತ ಕಾರ್ಲೊ ಅಕುಟಿಸ್ ಬಗ್ಗೆ ನಿಮ್ಮ ಪತ್ರಿಕೆಯಲ್ಲಿ ಬಂದ ಲೇಖನ ಓದಿದೆ. ಇಟಲಿಯ ಈ ಹುಡುಗ 2006ರಲ್ಲಿ ಬ್ಲಡ್ ಕ್ಯಾನ್ಸರಿನಿಂದ ತೀರಿಕೊಂಡಾಗ ಅವನಿಗೆ ಬರೀ 15 ವರ್ಷ. ಅಷ್ಟರಲ್ಲೇ ಪರಮಪ್ರಸಾದದ, ಅಂದರೆ ಪೂಜೆಯಲ್ಲಿ ಕೊಡುವ ಪವಿತ್ರ ರೊಟ್ಟಿಯ, ಪವಾಡಗಳನ್ನೆಲ್ಲ ಹುಡುಕಿ ಒಂದು ವೆಬ್‌ಸೈಟ್ ಮಾಡಿದ್ದ. 2025ರ ಸೆಪ್ಟೆಂಬರ್ 7ರಂದು ಪೋಪ್ ಲಿಯೊ ಅವನನ್ನು ಸಂತ ಎಂದು ಘೋಷಿಸಿದರು. ನನ್ನ ಮೊಮ್ಮಗಳ ಮೊಬೈಲ್ ಕವರಿನೊಳಗೂ ಅವನ ಫೋಟೊ ಇದೆ. ಇರಲಿ, ಸಂತೋಷವೇ. ಆದರೆ ವಯಸ್ಸಿನಲ್ಲಿ ಚಿಕ್ಕವನು, ಭಕ್ತ, ಸಂತ ಅಂದ ಕೂಡಲೇ ಎಲ್ಲರೂ ಇಟಲಿಗೇ ಓಡುತ್ತೀರಲ್ಲ ಸ್ವಾಮಿ, ಇಲ್ಲೇ ಪಕ್ಕದ ಲಾಹೋರಿನ ಒಬ್ಬ ಹುಡುಗನಿಗೆ ಸಂತ ಪದವಿ ಕೊಡುವ ಕಡತ ಕೂಡ ರೋಮಿಗೆ ಹೋಗಿದೆ. ಅವನ ವಿಷಯ ಕನ್ನಡದಲ್ಲಿ ನನ್ನ ಕಣ್ಣಿಗೆ ಬಿದ್ದಿದ್ದೇ ಇಲ್ಲ.

ಅವನ ಹೆಸರು ಆಕಾಶ್ ಬಷೀರ್. ಹುಟ್ಟಿದ್ದು 1994ರ ಜೂನ್ 22, ಪಾಕಿಸ್ತಾನದ ವಾಯವ್ಯ ಭಾಗದ ರಿಸಾಲ್‌ಪುರದಲ್ಲಿ. ಮನೆಯವರು ಆಮೇಲೆ ಲಾಹೋರಿನ ಯೂಹಾನಾಬಾದ್‌ನಲ್ಲಿ ನೆಲೆಸಿದರು. ಯೂಹಾನಾಬಾದ್ ಅಂದರೆ ಕ್ರೈಸ್ತರೇ ತುಂಬಿರುವ ದೊಡ್ಡ ಬಡಾವಣೆ. ಸಾಧಾರಣ ಕುಟುಂಬ. ಹುಡುಗ ಡಾನ್ ಬಾಸ್ಕೊ ಸಂಸ್ಥೆಯಲ್ಲಿ ಕೈಕೆಲಸ ಕಲಿತವನು. ನಮ್ಮಲ್ಲಿ ಐಟಿಐ ಮಾಡ್ತಾರಲ್ಲ, ಆ ಥರ. ಪುಸ್ತಕ ಬರೆದಿಲ್ಲ, ಭಾಷಣ ಮಾಡಿಲ್ಲ, ವೆಬ್‌ಸೈಟಂತೂ ಇಲ್ಲವೇ ಇಲ್ಲ. ಭಾನುವಾರ ಸಂತ ಜಾನರ ಚರ್ಚಿನ ಗೇಟಿನಲ್ಲಿ ನಿಂತು ಬರುವವರ ಮೇಲೆ ಕಣ್ಣಿಡುತ್ತಿದ್ದ. ಸಂಬಳವಿಲ್ಲದ ಕೆಲಸ.

ಆ ಕೆಲಸ ಯಾಕೆ ಬೇಕಾಯಿತು ಅಂದರೆ, 2013ರ ಸೆಪ್ಟೆಂಬರ್ 22ರಂದು ಪೇಶಾವರದ ಆಲ್ ಸೇಂಟ್ಸ್ ಚರ್ಚಿನಲ್ಲಿ ಆರಾಧನೆ ಮುಗಿಸಿ ಹೊರಬರುತ್ತಿದ್ದವರ ನಡುವೆ ಇಬ್ಬರು ಆತ್ಮಾಹುತಿ ಬಾಂಬರ್‌ಗಳು ಸಿಡಿದರು. 80ಕ್ಕೂ ಹೆಚ್ಚು ಜನ ಸತ್ತರು. ಆಮೇಲೆ ಅಲ್ಲಿನ ಚರ್ಚುಗಳು ಗೋಡೆ ಎತ್ತರಿಸಿಕೊಂಡವು, ತಮ್ಮ ಹುಡುಗರನ್ನೇ ಕಾವಲಿಗೆ ನಿಲ್ಲಿಸಿಕೊಂಡವು. ಆಕಾಶ್ ತಾನಾಗಿ ಹೋಗಿ ಸೇರಿಕೊಂಡ. ತಾಯಿಗೆ ಮೊದಲು ಇಷ್ಟವಿರಲಿಲ್ಲ. ಯಾವ ತಾಯಿಗೆ ಇರುತ್ತೆ ಹೇಳಿ.

2015ರ ಮಾರ್ಚ್ 15, ಈಸ್ಟರಿಗೆ ಮುಂಚಿನ ತಪಸ್ಸುಕಾಲದ ಭಾನುವಾರ. ಆವತ್ತು ವಿಶ್ವಕಪ್‌ನಲ್ಲಿ ಪಾಕಿಸ್ತಾನಕ್ಕೂ ಐರ್ಲೆಂಡಿಗೂ ಪಂದ್ಯ. ಅಡಿಲೇಡಿನ ಆಟ ಅವರಿಗೆ ಬೆಳಗ್ಗೆಯೇ ಟಿವಿಯಲ್ಲಿ ಬರುತ್ತಿತ್ತು. ಈ ಒಂದು ಸಂಗತಿ ನನ್ನ ತಲೆಯಿಂದ ಹೋಗುವುದೇ ಇಲ್ಲ. ಗೆಲ್ಲಲೇಬೇಕಾದ ಮ್ಯಾಚು ಇರುವ ದಿನ ನಮ್ಮೂರಿನ ಇಪ್ಪತ್ತರ ಹುಡುಗನನ್ನು ಟಿವಿ ಮುಂದಿನಿಂದ ಎಬ್ಬಿಸಿ ನೋಡಿ! ಆಕಾಶ್ ಗೇಟಿನಲ್ಲಿದ್ದ. ಒಳಗೆ ಪೂಜೆ ನಡೆಯುತ್ತಿತ್ತು. ಸಾವಿರಕ್ಕೂ ಜಾಸ್ತಿ ಜನ ಇದ್ದರೆಂದು ಹೇಳುತ್ತಾರೆ. ಮೈಗೆ ಬಾಂಬು ಕಟ್ಟಿಕೊಂಡವನೊಬ್ಬ ಒಳಗೆ ನುಗ್ಗಲು ಬಂದ. ಆಕಾಶ್ ತಡೆದ. ‘ನಾನು ಸತ್ತರೂ ಸರಿ, ನಿನ್ನನ್ನು ಒಳಗೆ ಬಿಡಲ್ಲ’ ಎಂಬರ್ಥದ ಮಾತು ಹೇಳಿ ಅವನನ್ನು ಗಟ್ಟಿಯಾಗಿ ತಬ್ಬಿ ಹಿಡಿದ ಎಂದು ಅಲ್ಲಿದ್ದವರು ನೆನೆಯುತ್ತಾರೆ. ಬಾಂಬು ಸಿಡಿದು ಇಬ್ಬರೂ ಅಲ್ಲೇ ಹೋದರು.

ಹತ್ತಿರದ ಕ್ರೈಸ್ಟ್ ಚರ್ಚಿನಲ್ಲೂ ಅದೇ ಹೊತ್ತಿಗೆ ಸ್ಫೋಟವಾಯಿತು. ಎರಡೂ ಕಡೆ ಸೇರಿ 15ಕ್ಕೂ ಹೆಚ್ಚು ಜನ ಸತ್ತರು. ಹಾಗಾಗಿ ಆಕಾಶ್ ಎಲ್ಲರನ್ನೂ ಉಳಿಸಿದ ಅಂತ ಬರೆದರೆ ಸುಳ್ಳಾಗುತ್ತದೆ. ಸಂತ ಜಾನರ ಚರ್ಚಿನ ಒಳಗಿದ್ದವರು ಉಳಿದರು. ಆಮೇಲೆ ಆಕಾಶನ ಸ್ವಂತ ಸಹೋದರನೇ ಹೋಗಿ ಆ ಕಾವಲು ತಂಡ ಸೇರಿದ. ಮನೆಯವರು ಬೇಡ ಅನ್ನಲಿಲ್ಲ.

ನಾನು ನಿವೃತ್ತ ಬಸ್ ಕಂಡಕ್ಟರ್. ಬಾಗಿಲಲ್ಲಿ ನಿಲ್ಲುವುದು ಅಭ್ಯಾಸ. ಈಗ ನಮ್ಮ ಧರ್ಮಕೇಂದ್ರದಲ್ಲಿ ಭಾನುವಾರ ಬೆಳಗಿನ ಪೂಜೆಗೆ ಗೇಟು ನೋಡಿಕೊಳ್ಳುತ್ತೇನೆ. ನಮ್ಮ ಕಷ್ಟವೆಲ್ಲ ಸ್ಕೂಟರ್‌ಗಳದು. ಆಂಬುಲೆನ್ಸ್ ಬಂದರೆ ದಾರಿ ಇರಲಿ ಅಂತ ಬಿಟ್ಟ ಜಾಗದಲ್ಲೇ ತಂದು ನಿಲ್ಲಿಸುತ್ತಾರೆ. ಕೇಳಿದರೆ ‘ಅಂಕಲ್, ಐದೇ ನಿಮಿಷ’. 2019ರ ಈಸ್ಟರ್ ದಿನ ಶ್ರೀಲಂಕಾದ ಚರ್ಚುಗಳಲ್ಲಿ ಬಾಂಬು ಸಿಡಿದ ಮೇಲೆ ಸ್ವಲ್ಪ ಕಾಲ ನಾವೂ ಬ್ಯಾಗು ತೆರೆಸಿ ನೋಡುತ್ತಿದ್ದೆವು. ಜನ ಬೇಜಾರು ಮಾಡಿಕೊಂಡರು. ಬೈಬಲ್ಲು, ಜಪಸರ, ಕೊಡೆ, ತಿಂಡಿ ಡಬ್ಬಿ ಬಿಟ್ಟರೆ ಬೇರೇನೂ ಕಾಣಲಿಲ್ಲ. ಹಾಗೇ ನಿಂತುಹೋಯಿತು. ಇಷ್ಟು ಹೇಳಿದ್ದು ಯಾಕೆಂದರೆ, ಗೇಟಿನವನು ಅಂದರೆ ಪೂಜೆಯಲ್ಲಿ ಇದ್ದೂ ಇಲ್ಲದವನು. ಒಳಗಿನ ಹಾಡು ಕೇಳುತ್ತದೆ, ಪ್ರಸಂಗ ಅರ್ಧಂಬರ್ಧ ಕೇಳುತ್ತದೆ. ‘ಬರೀ ಹೊರಗೆ ನಿಂತರೆ ಅದೆಂಥ ಭಕ್ತಿ’ ಅಂತ ನನ್ನ ಮನೆಯವಳೇ ಕೇಳಿದ್ದುಂಟು. ಆಕಾಶನ ಕಡತ ನೋಡುವ ರೋಮಿನ ದೊಡ್ಡವರ ಮುಂದೆಯೂ ಹೆಚ್ಚುಕಮ್ಮಿ ಇದೇ ಪ್ರಶ್ನೆ ಇದೆ ಅನಿಸುತ್ತದೆ.

ಸಂತ ಪದವಿಗೆ ಮೆಟ್ಟಿಲುಗಳಿವೆ. ದೇವರ ಸೇವಕ, ಪೂಜನೀಯ, ಪುನೀತ, ಆಮೇಲೆ ಸಂತ. ಸತ್ತು ಐದು ವರ್ಷವಾದರೂ ಆಗಿರಬೇಕು. ಸಾಮಾನ್ಯವಾಗಿ ಪುನೀತರಾಗಲು ಒಂದು ಪವಾಡ, ಸಂತರಾಗಲು ಇನ್ನೊಂದು ಬೇಕು. ರಕ್ತಸಾಕ್ಷಿಗಳಿಗೆ, ಅಂದರೆ ವಿಶ್ವಾಸಕ್ಕಾಗಿ ಪ್ರಾಣ ಕೊಟ್ಟವರಿಗೆ, ಮೊದಲನೆಯದು ಬೇಡ. ಆದರೆ ವಿಶ್ವಾಸದ ಮೇಲಿನ ದ್ವೇಷದಿಂದಲೇ ಕೊಂದರು ಅನ್ನುವುದು ರುಜುವಾತಾಗಬೇಕು. ಬಾಂಬು ಕಟ್ಟಿಕೊಂಡು ಬಂದವನಿಗೆ ಆಕಾಶ್ ಯಾರೆಂದೇ ಗೊತ್ತಿರಲಿಲ್ಲವಲ್ಲ, ಅವನು ಸತ್ತಿದ್ದು ಕಾವಲು ಕೆಲಸದಲ್ಲಿ ಅಲ್ವಾ ಅಂತ ಯಾರಾದರೂ ವಾದ ಹೂಡಬಹುದು. ಇಂಥ ಗೊಂದಲ ಹೊಸದಲ್ಲ. ನಾಜಿಗಳ ಆಶ್‌ವಿಟ್ಜ್ ಶಿಬಿರದಲ್ಲಿ ಇನ್ನೊಬ್ಬ ಕೈದಿಯ ಬದಲು ತಾನು ಸಾಯಲು ಮುಂದೆ ಬಂದ ಫಾದರ್ ಮ್ಯಾಕ್ಸಿಮಿಲಿಯನ್ ಕೋಲ್ಬೆ ಅವರನ್ನು 1971ರಲ್ಲಿ ಪುನೀತರೆಂದಾಗ ರಕ್ತಸಾಕ್ಷಿ ಎಂದು ಕರೆಯಲಿಲ್ಲ. 1982ರಲ್ಲಿ ಸಂತ ಪದವಿ ಕೊಡುವಾಗ ಪೋಪ್ ಎರಡನೇ ಜಾನ್ ಪೌಲ್ ರಕ್ತಸಾಕ್ಷಿ ಎಂದೇ ಕರೆದರು. 2017ರಲ್ಲಿ ಪೋಪ್ ಫ್ರಾನ್ಸಿಸ್ ಇನ್ನೊಂದು ದಾರಿಯನ್ನೂ ತೆರೆದರು. ಬೇರೆಯವರಿಗಾಗಿ ಗೊತ್ತಿದ್ದೂ ಪ್ರಾಣ ಕೊಟ್ಟವರ ದಾರಿ ಅದು. ಅದಕ್ಕೆ ಪವಾಡ ಬೇಕು. ಆಕಾಶನ ವಿಷಯದಲ್ಲಿ ನನ್ನನ್ನು ಕೇಳಿದರೆ ರಕ್ತಸಾಕ್ಷಿ ಅಂತಲೇ ಹೇಳುತ್ತೇನೆ. ಬಾಂಬಿನವನು ಬಂದಿದ್ದು ಪೂಜೆಗೆ ಸೇರಿದವರನ್ನು ಕೊಲ್ಲಲು. ಅವರ ಪೈಕಿ ಮೊದಲು ಸಿಕ್ಕವನು ಗೇಟಿನಲ್ಲಿದ್ದವನು. ಹೊರಗೆ ನಿಂತಿದ್ದನೆಂದು ಅವನನ್ನು ಪೂಜೆಯ ಲೆಕ್ಕದಿಂದ ಬಿಡುವುದು ಹೇಗೆ?

ಸದ್ಯಕ್ಕೆ ಅವನು ಮೊದಲ ಮೆಟ್ಟಿಲಿನಲ್ಲಿದ್ದಾನೆ. 2022ರ ಜನವರಿ 31ರಂದು, ಅಂದರೆ ಸಂತ ಡಾನ್ ಬಾಸ್ಕೊ ಅವರ ಹಬ್ಬದ ದಿನ, ಅವನನ್ನು ದೇವರ ಸೇವಕ ಎಂದು ಪ್ರಕಟಿಸಿದರು. ಪಾಕಿಸ್ತಾನದಿಂದ ಈ ದಾರಿ ಹಿಡಿದ ಮೊದಲಿಗ ಅವನೇ. ಲಾಹೋರಿನ ಮಹಾಧರ್ಮಕ್ಷೇತ್ರದ ವಿಚಾರಣೆ 2024ರ ಮಾರ್ಚಿನಲ್ಲಿ ಮುಗಿಯಿತು. ನಮ್ಮ ಮಂಗಳೂರಿನಲ್ಲಿ ಬೆಥನಿ ಸನ್ಯಾಸಿನಿಯರ ಸಂಸ್ಥೆ ಕಟ್ಟಿದ ಫಾದರ್ ರೇಮಂಡ್ ಮಸ್ಕರೇನಸ್ ಕೂಡ ದೇವರ ಸೇವಕರೇ. 1960ರಲ್ಲಿ ತೀರಿಕೊಂಡವರು. ಅವರ ಮುಂದೆ ಈ ಹುಡುಗನ ಕಡತ ಇನ್ನೂ ಹಸಿ ಹಸಿ. ರೋಮಿನಲ್ಲಿ ಯಾರಿಗೂ ಅವಸರವಿಲ್ಲ.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಆಕಾಶನ ಬಗ್ಗೆ ಬರೆಯಿರಿ ಅಂತ ಕೇಳಲು ನನಗೆ ಒಂದು ಭಯವೂ ಇದೆ. ಪಾಕಿಸ್ತಾನ, ಬಾಂಬು, ಚರ್ಚು ಅಂತ ಮೂರು ಮಾತು ಒಟ್ಟಿಗೆ ಬಂದರೆ ಸಾಕು, ವಾಟ್ಸಾಪಿನಲ್ಲಿ ಅದು ಯಾವ ರೂಪ ತಾಳುತ್ತದೆ ಎಂದು ನಿಮಗೂ ಗೊತ್ತು. ಆವತ್ತಿನ ಇನ್ನೊಂದು ಭಾಗವನ್ನು ಬಿಡದೆ ಬರೆಯಿರಿ. ಸ್ಫೋಟವಾದ ಮೇಲೆ ರೊಚ್ಚಿಗೆದ್ದ ಜನ ಇಬ್ಬರು ಮುಸ್ಲಿಮರನ್ನು ಹಿಡಿದು, ಹೊಡೆದು, ಬೆಂಕಿ ಹಚ್ಚಿ ಕೊಂದರು. ಇಬ್ಬರಿಗೂ ಬಾಂಬಿಗೂ ಏನೂ ಸಂಬಂಧವಿರಲಿಲ್ಲ. ಕೊಂದವರು ನಮ್ಮವರು, ಶಿಲುಬೆ ಹಾಕುವವರು. ಆ ಕೇಸಿನಲ್ಲಿ ಸುಮಾರು 40 ಕ್ರೈಸ್ತರು ವರ್ಷಗಟ್ಟಲೆ ಜೈಲಿನಲ್ಲಿದ್ದು 2020ರಲ್ಲಿ ಬಿಡುಗಡೆಯಾದರು. ಅವರಲ್ಲಿ ನಿಜವಾದ ತಪ್ಪಿತಸ್ಥರು ಯಾರು, ಸುಮ್ನೆ ಸಿಕ್ಕಿಬಿದ್ದವರು ಯಾರು ಎಂದು ದೂರದಲ್ಲಿ ಕೂತು ಹೇಳಲು ನಾನು ಯಾರೂ ಅಲ್ಲ.

ನಮ್ಮ ಚರ್ಚಿನ ಯುವಕರ ಕೂಟದಲ್ಲಿ ಆಕಾಶನ ಕಥೆ ಹೇಳುವಾಗ ಇದನ್ನೂ ಹೇಳಿದೆ. ಒಬ್ಬ ಹುಡುಗ ‘ಇದೆಲ್ಲ ಯಾಕೆ ಅಂಕಲ್, ಸಂತನ ಕಥೆ ಹಾಳಾಗುತ್ತೆ’ ಅಂದ. ನನಗೆ ಹಾಗನ್ನಿಸುವುದಿಲ್ಲ. ಆಕಾಶ್ ಕೊಲ್ಲಲು ಬಂದವನನ್ನೂ ಹೊಡೆಯಲಿಲ್ಲ, ತಬ್ಬಿ ಹಿಡಿದ. ಒಂದು ಗಂಟೆ ಕಳೆಯುವುದರಲ್ಲಿ ಅದೇ ಬಡಾವಣೆಯ ಬೀದಿಯಲ್ಲಿ ಅವನ ಜನ ಏನು ಮಾಡಿದರು ನೋಡಿ. ಅವನು ಬೇರೆ, ಗುಂಪು ಬೇರೆ ಅನ್ನುವುದು ಗೊತ್ತಾಗುವುದೇ ಅಲ್ಲಿ. ಬಾಂಬರ್‌ನನ್ನು ಬೈಯಲು ಸಂತರು ಬೇಕಾಗಿಲ್ಲ, ಎಲ್ಲರೂ ಬೈಯುತ್ತಾರೆ.

ಆದ್ದರಿಂದ ಸಂಪಾದಕರೇ, ಮುಂದಿನ ಮಾರ್ಚ್ 15ರ ಹೊತ್ತಿಗೆ ಅರ್ಧ ಪುಟವಾದರೂ ಕೊಡಿ. ವಿಚಿತ್ರ ಸುದ್ದಿಗಳ ಮೂಲೆಯಲ್ಲಿ ಮಾತ್ರ ಹಾಕಬೇಡಿ. ‘ಪವಾಡ ಪುರುಷ’ ಅಂತ ತಲೆಬರಹವೂ ಬೇಡ, ಅವನ ಹೆಸರಿನಲ್ಲಿ ಪವಾಡ ನಡೆಯಿತೆಂದು ರೋಮ್ ಇನ್ನೂ ಹೇಳಿಲ್ಲ. ಆ ಇಬ್ಬರು ಮುಸ್ಲಿಮರ ವಿಷಯವನ್ನು ಜಾಗ ಸಾಲದೆಂದು ಕತ್ತರಿಸಬೇಡಿ. ಕತ್ತರಿಸಲೇಬೇಕೆಂದರೆ ನನ್ನ ಸ್ಕೂಟರ್ ಪುರಾಣ ತೆಗೆಯಿರಿ.

— ಒಬ್ಬ ಓದುಗ, ಕಮ್ಮನಹಳ್ಳಿ, ಬೆಂಗಳೂರು