ಮಾತ್ರೆಯ ಪ್ರಹಸನ ಬರೆದವಳಿಗೆ ದೊಡ್ಡಪ್ಪನ ಪತ್ರ

ಗುಬ್ಬಿ

ಚಿ. ಸುಮಾಳಿಗೆ ದೊಡ್ಡಪ್ಪನ ಆಶೀರ್ವಾದಗಳು.

ಔಷಧಿ ಜಾಹೀರಾತುಗಳನ್ನು ಗೇಲಿ ಮಾಡುವ ನಿನ್ನ ಪ್ರಹಸನದ ವಿವರ ಓದುತ್ತಾ ನಗುತ್ತಿದ್ದವನು ಕೊನೆಯ ಸಾಲಿಗೆ ಬಂದು ಸುಮ್ಮನಾದೆ. ತಾಲೀಮು ನೋಡಿದ ಹಾಸ್ಟೆಲಿನ ಅಡುಗೆಯಜ್ಜಿ, ‘ಹಂಗಾದ್ರೆ ನನ್ ಬಿ.ಪಿ. ಮಾತ್ರೆ ಬಿಟ್ಬಿಡ್ಲಾ ಮಗಾ?’ ಎಂದರಂತೆ. ನಾಟಕವನ್ನೇ ಕೈಬಿಡಲೇ ಎಂದು ನೀನು ಕೇಳಿದ್ದೀಯೆ.

ಹೂದೋಟದಲ್ಲಿ ಹೆಂಗಸೊಬ್ಬಳು ನಾಯಿಮರಿಯೊಡನೆ ಓಡುತ್ತಿರಲು, ಹಿಂದಿನಿಂದ ದನಿಯೊಂದು ವಾಂತಿ, ತಲೆಸುತ್ತು, ಅಪರೂಪಕ್ಕೆ ಮರಣ ಎಂದು ಸಹಸ್ರನಾಮದ ವೇಗದಲ್ಲಿ ಓದುವ ದೃಶ್ಯ ಸೊಗಸಾಗಿದೆ. ಡಾಕ್ಟರ ಚೀಟಿಯ ಔಷಧಿಯನ್ನು ಹೀಗೆ ಜನರಿಗೇ ಸಾರಲು ಅಮೆರಿಕದಲ್ಲೂ ನ್ಯೂಜಿಲೆಂಡಿನಲ್ಲೂ ಬಿಡುತ್ತಾರೆ. ನಮ್ಮಲ್ಲಿ ಸಕ್ಕರೆ ಕಾಯಿಲೆ, ರಕ್ತದೊತ್ತಡ, ಬೊಜ್ಜು ಮೊದಲಾದ 54 ಬಾಬತ್ತುಗಳನ್ನು ಪಟ್ಟಿ ಮಾಡಿ, ಇವನ್ನು ವಾಸಿಮಾಡುತ್ತೇವೆಂದು ಪ್ರಚಾರ ಮಾಡಬಾರದೆನ್ನುವ 1954ರ ಕಾಯಿದೆಯೇ ಇದೆ. ಮನುಷ್ಯರ ಎತ್ತರವೂ ಆ ಪಟ್ಟಿಯಲ್ಲಿದೆ. ಬೇಕಾದರೆ ನಾಟಕಕ್ಕೆ ಸೇರಿಸಿಕೋ.

ಆದರೆ ಆ ಅಜ್ಜಿಯ ಮಾತು ನನ್ನನ್ನು ಬಿಡುತ್ತಿಲ್ಲ. ಕಾಯಿದೆ ಬಂದು ಎಷ್ಟೋ ವರ್ಷಗಳಾದ ಮೇಲೆ, ಚನ್ನಬಸವೇಶ್ವರನ ಜಾತ್ರೆಯಲ್ಲಿ ಔಷಧಿ ಮಾರುವವನೊಬ್ಬನ ಪರವಾಗಿ ನಾನು ಮೈಕು ಹಿಡಿದಿದ್ದೆ. ದಿನಕ್ಕೆ ಐದು ರೂಪಾಯಿ. ಗುಬ್ಬಿ ವೀರಣ್ಣನವರ ನಾಟಕ ಕಂಪನಿಯ ಊರಿನ ಹುಡುಗನೆಂಬ ಜಂಬ ಬೇರೆ. ಕಂದು ಕಷಾಯದ ಸೀಸೆ, ಅದರ ಮೇಲೆ ಹುಲಿಯ ಚಿತ್ರ. ‘ಮೂರೇ ಸೀಸೆ, ಸಕ್ಕರೆ ಕಾಯಿಲೆ ಮಾಯ!’ ಎಂದು ಇಡೀ ದಿನ ಕೂಗಿದೆ. ಗುಂಪಿನಲ್ಲಿ ನಮ್ಮ ಸೋದರತ್ತೆ ನಿಂತಿದ್ದುದು ನನಗೆ ಕಾಣಲಿಲ್ಲ. ಸಕ್ಕರೆ ಕಾಯಿಲೆಯಿಂದ ಅವರ ಕಾಲಿಗಾದ ಗತಿ ನಿಮಗೆಲ್ಲ ಗೊತ್ತಿರುವುದೇ. ‘ನಿನ್ ದನಿ ಕೇಳಿಸ್ತು, ಅದಕ್ಕೇ ನಂಬಿ ಮಾತ್ರೆ ಬಿಟ್ಟೆ ಕಣೋ’ ಎಂದು ಆಸ್ಪತ್ರೆಯ ಮಂಚದ ಮೇಲಿಂದ ಅವರು ಹೇಳಿದ್ದನ್ನು ಮಾತ್ರ ಇಂದಿನವರೆಗೆ ಯಾರಿಗೂ ಹೇಳಿರಲಿಲ್ಲ.

ನಾನು ನಿಜವೆಂಬಂತೆ ಕೂಗಿದೆ, ನೀನು ಸುಳ್ಳೆಂದೇ ತೋರಿಸಿದೆ. ಆದರೂ ಎರಡು ಕಡೆಯೂ ಅನುಮಾನ ಹೋಗಿ ಕೂತದ್ದು ಕೆಲಸ ಮಾಡುವ ಮಾತ್ರೆಯ ಮೇಲೆಯೇ. ಹೇಳುವ ಯೋಗ್ಯತೆ ನನಗಿದೆಯೋ ಇಲ್ಲವೋ, ನಾಟಕ ಬಿಡಬೇಡವೆಂದೇ ನನಗನ್ನಿಸುತ್ತದೆ. ನಗು ಮಾತ್ರೆಯ ಮೇಲೆ ಬೀಳದೆ, ನನ್ನಂಥ ಕೂಗುಮಾರಿಯ ಮೇಲೆ ಬೀಳುವಂತೆ ತಿದ್ದಬಹುದೇನೋ. ಅಷ್ಟು ವೇಗವಾಗಿ ಓದಿದ ದನಿಯೇ ಕೊನೆಗೆ ನಿಧಾನಿಸಿ, ಡಾಕ್ಟರನ್ನು ಕೇಳದೆ ಮಾತ್ರೆ ನಿಲ್ಲಿಸಬೇಡಿ ಎಂದರೆ ಚಪ್ಪಾಳೆ ಸ್ವಲ್ಪ ಕಡಿಮೆಯಾದೀತು. ನಾಟಕದ ವಿಷಯ ನಿನಗೇ ಚೆನ್ನಾಗಿ ಗೊತ್ತು.

ಅದಕ್ಕೂ ಮೊದಲು ಅಜ್ಜಿಯ ಮಾತ್ರೆಯ ಹಾಳೆಯನ್ನು ನೀನೇ ಕೈಗೆ ತೆಗೆದುಕೊಂಡು, ಎಷ್ಟು ಗುಳಿ ಖಾಲಿಯಾಗಿವೆಯೆಂದು ಎಣಿಸಿ ನನಗೆ ಬರೆ.

ಇಂತಿ,
ನಿನ್ನ ದೊಡ್ಡಪ್ಪ