ಕುದುರೆ ಸಾಗಿಸಲು ಹೋಗಿ ನಟನಾದವನು

ಪ್ರೀತಿಯ ಪುಟ್ಟಿ,

ನನಗೆ ಹಳೇ ಕೌಬಾಯ್ ಸಿನಿಮಾಗಳ ಹುಚ್ಚು ಅಂತ ನಿನಗೆ ಗೊತ್ತಲ್ಲ. ಇವತ್ತು ಬೆನ್ ಜಾನ್ಸನ್ ವಿಷಯ ಹೇಳ್ತೀನಿ. ಹೆಚ್ಚಾಗಿ ಹೀರೋ ಪಕ್ಕದಲ್ಲಿ ಕುದುರೆ ಏರಿ ಬರುತ್ತಿದ್ದವನು. ಆದರೆ ಅವನು ಕುದುರೆ ಓಡಿಸಲು ಶುರು ಮಾಡಿದರೆ ಹೀರೋ ಕಡೆ ನನ್ನ ಕಣ್ಣೇ ಹೋಗುವುದಿಲ್ಲ.

ಹುಟ್ಟಿದ್ದು 1918ರಲ್ಲಿ, ಅಮೆರಿಕದ ಒಕ್ಲಹೋಮಾದಲ್ಲಿ. ಅಪ್ಪ ದನ ಸಾಕುವ ದೊಡ್ಡದೊಂದು ರಾಂಚಿನ ಮೇಸ್ತ್ರಿ, ಕೌಬಾಯ್‌ಗಳ ಪಂದ್ಯವಾದ ರೋಡಿಯೋದಲ್ಲೂ ಹೆಸರು ಮಾಡಿದವನು. ನಿರ್ಮಾಪಕ ಹೋವರ್ಡ್ ಹ್ಯೂಸ್ ತನ್ನ ಸಿನಿಮಾಗೆ ಕುದುರೆ ಕೊಂಡಾಗ, ಅವುಗಳ ಜೊತೆ ಬೆನ್ ಹಾಲಿವುಡ್‌ಗೆ ಹೋದ. ಊರಲ್ಲಿ ದಿನಕ್ಕೊಂದು ಡಾಲರ್ ಕೂಲಿ. ಅಲ್ಲಿ ಮೊದಲ ಚೆಕ್ಕೇ 300 ಡಾಲರ್. ಇನ್ನೆಲ್ಲಿ ವಾಪಸ್ ಬರ್ತಾನೆ? ಹೀರೋಗಳ ಬದಲಿಗೆ ಕುದುರೆಯಿಂದ ಬೀಳುವ ಕೆಲಸ ಹಿಡಿದ.

ನಿರ್ದೇಶಕ ಜಾನ್ ಫೋರ್ಡ್‌ನ 'ಫೋರ್ಟ್ ಅಪಾಚೆ' (1948) ಶೂಟಿಂಗಿನಲ್ಲಿ ಬಂಡಿಯ ಕುದುರೆಗಳು ಬೆದರಿ ಓಟ ಕಿತ್ತವು. ಒಳಗೆ ಮೂವರಿದ್ದರು. ಬೆನ್ ತನ್ನ ಕುದುರೆ ನುಗ್ಗಿಸಿ ಬಂಡಿ ನಿಲ್ಲಿಸಿದ. ಇನ್ನೊಂದು ಸ್ಟಂಟ್ ಕೆಲಸ ಸಿಗಬಹುದು ಅಂದುಕೊಂಡಿದ್ದವನಿಗೆ ಸಿಕ್ಕಿದ್ದು ಏಳು ವರ್ಷದ ಕರಾರು. ವಾರಕ್ಕೆ 5,000 ಡಾಲರ್ ಅನ್ನುವ ಸಾಲಿಗೆ ಬಂದವನು ಮುಂದೆ ಓದದೆ ಸಹಿ ಹಾಕಿದನಂತೆ! (ನೀನು ಮಾತ್ರ ಪೂರ್ತಿ ಓದಿಯೇ ಸಹಿ ಹಾಕು.)

ಇಷ್ಟೆಲ್ಲ ಸಿಕ್ಕರೂ 1953ರಲ್ಲಿ ಸಿನಿಮಾ ಬದಿಗಿಟ್ಟು ರೋಡಿಯೋ ಸುತ್ತಲು ಹೋದ. ಅಲ್ಲಿ ಅವನದು ಟೀಮ್ ರೋಪಿಂಗ್, ಹಗ್ಗ ಎಸೆದು ಹೋರಿ ಹಿಡಿಯುವ ಇಬ್ಬರ ಆಟ. ಹೋರಿ ಬಾಗಿಲು ದಾಟಿ ಸ್ವಲ್ಪ ಮುಂದೆ ಓಡಿದ ಮೇಲೆ ಇಬ್ಬರು ಸವಾರರೂ ಅದನ್ನು ಬೆನ್ನಟ್ಟುತ್ತಾರೆ. ಒಬ್ಬ ಕೊಂಬಿಗೆ ಕುಣಿಕೆ ಎಸೆದು, ಹಗ್ಗವನ್ನು ಜೀನಿನ ಮುಂದಿನ ಗೂಟಕ್ಕೆ ಸುತ್ತಿ, ಹೋರಿಯನ್ನು ಎಡಕ್ಕೆ ತಿರುಗಿಸಬೇಕು. ಸುತ್ತುವಾಗ ಬೆರಳು ಮಧ್ಯೆ ಸಿಕ್ಕಿದರೆ ಬೆರಳೇ ಹೋಗಬಹುದು. ಇನ್ನೊಬ್ಬ ಹಿಂಗಾಲು ಎರಡನ್ನೂ ಹಿಡಿಯಬೇಕು. ಮೊದಲಿನವನು ಸರಿಯಾಗಿ ತಿರುಗಿಸದಿದ್ದರೆ ಎರಡನೆಯವನು ಎಂಥ ಗಟ್ಟಿಗನಾದರೂ ಬರೀ ಗಾಳಿಗೆ ಹಗ್ಗ ಎಸೆದ ಹಾಗೆ. ಆ ವರ್ಷ ಬೆನ್ ವಿಶ್ವ ಚಾಂಪಿಯನ್ ಆದ. ಕೈಯಲ್ಲಿ ಉಳಿದಿದ್ದು ಸವೆದ ಕಾರು, ಸಿಟ್ಟಾದ ಹೆಂಡತಿ ಅಂತ ಅವನೇ ಹೇಳಿಕೊಂಡು ನಗುತ್ತಿದ್ದ. ಮತ್ತೆ ಸಿನಿಮಾಗೆ ಬಂದ.

ನಾಟಕದಲ್ಲಿ ನಾಲ್ಕೇ ಮಾತು ಕೊಟ್ಟಿದ್ದಾರೆ ಅಂತ ಮೊನ್ನೆ ಫೋನಿನಲ್ಲಿ ಗೊಣಗಿದೆಯಲ್ಲ? ಬೆನ್‌ನದು ಉಲ್ಟಾ ಕಥೆ. 'ದಿ ಲಾಸ್ಟ್ ಪಿಕ್ಚರ್ ಶೋ'ದಲ್ಲಿ (1971) ಸ್ಯಾಮ್ ಪಾತ್ರ ಬಂದಾಗ ಮಾತು ಜಾಸ್ತಿ, ಕೆಟ್ಟ ಬೈಗುಳ ಬೇರೆ ಅಂತ ಬೇಡವೇ ಬೇಡ ಅಂದ. ಕೊನೆಗೆ ಫೋರ್ಡ್ ಹೇಳಿ ಒಪ್ಪಿಸಬೇಕಾಯಿತು. ತೆರೆಯ ಮೇಲೆ ಅವನಿರುವುದು ಹತ್ತು ನಿಮಿಷದ ಆಸುಪಾಸು. ಅಷ್ಟಕ್ಕೇ ಅತ್ಯುತ್ತಮ ಪೋಷಕ ನಟ ಅಂತ ಆಸ್ಕರ್ ಬಂತು.

ಕೆರೆ ದಂಡೆಯ ದೃಶ್ಯ ಹುಡುಕಿ ನೋಡು. ಹಿಂದೆ ಅಲ್ಲಿಗೆ ಜೊತೆಗೆ ಬರುತ್ತಿದ್ದ ಹುಡುಗಿಯ ವಿಷಯ ಹೇಳುತ್ತಾನೆ. ಅಳುವುದಿಲ್ಲ, ದನಿ ಏರಿಸುವುದಿಲ್ಲ. ಕ್ಯಾಮೆರಾ ನಿಧಾನವಾಗಿ ಹತ್ತಿರ ಬರುತ್ತದೆ. ಅವನು ಸುಮ್ನೆ ಕೂತು ಮಾತಾಡುತ್ತಾನೆ, ಅಷ್ಟೇ. ನಟನೆ ಕಲಿತವರು ಅಲ್ಲಿ ಏನಾದರೂ ಮಾಡಿ ಕೆಡಿಸುತ್ತಿದ್ದರು ಅಂತ ನನಗನಿಸುತ್ತದೆ. ನಿಮ್ಮ ಮೇಷ್ಟ್ರಿಗೆ ಇದನ್ನು ಹೇಳಬೇಡ.

ನಾಟಕಕ್ಕೆ ನಾವಿಬ್ಬರೂ ಬರ್ತೀವಿ. ಮೊದಲ ಸಾಲಿನ ಟಿಕೆಟ್ ಬೇಡ. ಅಮ್ಮನಿಗೆ ಕತ್ತು ನೋವು.

ನಿನ್ನ ಅಪ್ಪ